ಲಿಬ್ರೆಟ್ಟೊ ಕವಿ ಬರೆದುಕೊಡುತ್ತಿದ್ದದ್ದು ಏನು? ‘ಒರ್ಫೆಯೊ’, ‘ಅರಿಯಾನ್ನಾ’, ‘ಪೊಪ್ಪೆಯಾ’ ಓದುವವರಿಗೆ

ಮಂದ್ರ

ಇಟಲಿಯ ಸಂಗೀತಗಾರ ಮೊಂತೆವೆರ್ದಿಯ ‘ಒರ್ಫೆಯೊ’ ಒಪೆರಾ (ಹಾಡಿನಲ್ಲೇ ನಡೆಯುವ ನಾಟಕ) ಬಗ್ಗೆ ಏನೇ ಓದಿದರೂ ಸಂಗೀತದ್ದೇ ಮಾತು. ಅದರ ಪದ್ಯ, ಅಂದರೆ ಲಿಬ್ರೆಟ್ಟೊ, ಬರೆದ ಅಲೆಸ್ಸಾಂದ್ರೊ ಸ್ತ್ರಿಜ್ಜೊನ ಹೆಸರು ಒಂದು ಸಾಲಿನಲ್ಲಿ ಬಂದು ಹೋಗುತ್ತದೆ. ಗೊತ್ತಿರುವವರು ಮೂರು ವಿಷಯ ಬಿಡಿಸಿ ಹೇಳಬೇಕು. ಕವಿಯಿಂದ ಸಂಗೀತಗಾರನ ಕೈಗೆ ಹೋಗುತ್ತಿದ್ದ ಹಾಳೆಯಲ್ಲಿ ಏನೇನು ಇರುತ್ತಿತ್ತು? ಎಲ್ಲಿ ಮಾತಿನಂತೆ ಹಾಡಬೇಕು, ಎಲ್ಲಿ ಪೂರಾ ಹಾಡಾಗಬೇಕು ಎಂದು ಯಾರು ನಿರ್ಧರಿಸುತ್ತಿದ್ದರು? ಕವಿಗೆ ದುಡ್ಡು ಎಲ್ಲಿಂದ ಬರುತ್ತಿತ್ತು? 1600ರಿಂದ ಸುಮಾರು 1650ರವರೆಗಿನ ಕಾಲಕ್ಕೆ ಮಾತ್ರ ಸೀಮಿತವಾಗಿ ಹೇಳಿದರೆ ಸಾಕು.

ನೇಪಥ್ಯ

ಎರಡನೆಯ ಪ್ರಶ್ನೆಯಿಂದ ಶುರು ಮಾಡುತ್ತೇನೆ. ಅದಕ್ಕೆ ಉತ್ತರ ಸಿಕ್ಕರೆ ಮೊದಲನೆಯದು ತಾನಾಗಿ ಬಿಡಿಸಿಕೊಳ್ಳುತ್ತದೆ.

ನಿರ್ಧರಿಸುತ್ತಿದ್ದವನು ಕವಿ. ಆದರೆ ‘ಇಲ್ಲಿ ಆರಿಯಾ’ (ಹಾಡು), ‘ಇಲ್ಲಿ ರೆಸಿಟೇಟಿವ್’ (ಮಾತಿನಂಥ ಗಾಯನ) ಎಂದು ಬರೆದು ತಿಳಿಸುತ್ತಿರಲಿಲ್ಲ. ಸಾಲಿನ ಉದ್ದವೇ ಆ ಸೂಚನೆ. 11 ಅಕ್ಷರದ ಸಾಲು, 7 ಅಕ್ಷರದ ಸಾಲು ಗೊತ್ತಾದ ಕ್ರಮವಿಲ್ಲದೆ ಬೆರೆತು, ಪ್ರಾಸ ಬಂದರೂ ಬರದಿದ್ದರೂ ನಡೆಯುವಂತಿದ್ದರೆ ಅದು ಮಾತು. ಸಾಲುಗಳೆಲ್ಲ ಒಂದೇ ಅಳತೆಗೆ ಬಂದು, ಪ್ರಾಸ ಕಟ್ಟಿಕೊಂಡು, ಅದೇ ಅಚ್ಚಿನ ನುಡಿಗಳು ಮರಳಿ ಬರತೊಡಗಿದರೆ ಅದು ಹಾಡು. ಈ 11-7ರ ಬೆರಕೆಯನ್ನು ಒಪೆರಾ ಕವಿಗಳು ಹೊಸದಾಗಿ ಕಂಡುಹಿಡಿಯಲಿಲ್ಲ. ತಾಸ್ಸೊನ ‘ಅಮಿಂತಾ’, ಗ್ವಾರೀನಿಯ ‘ಇಲ್ ಪಾಸ್ತೊರ್ ಫೀದೊ’ ಮೊದಲಾದ ಗೋಪನಾಟಕಗಳಲ್ಲಿ (ಕುರುಬರ ಬದುಕಿನ ನಾಟಕಗಳಲ್ಲಿ) ಅದಾಗಲೇ ಪಳಗಿತ್ತು.

‘ಒರ್ಫೆಯೊ’ ಎರಡನೆಯ ಅಂಕವನ್ನೇ ತೆಗೆದುಕೊಳ್ಳಿ. ಮದುವೆಯ ಸಂತೋಷದಲ್ಲಿ ಒರ್ಫೆಯೊ ‘ವಿ ರಿಕೋರ್ದಾ ಓ ಬೋಸ್ಕಿ ಒಂಬ್ರೋಸಿ’ ಹಾಡುತ್ತಾನೆ. ನಾಲ್ಕು ನುಡಿ, ನುಡಿಗೆ ನಾಲ್ಕು ಸಾಲು, ಪ್ರತಿ ಸಾಲಿಗೆ 8 ಅಕ್ಷರ. ಮೊದಲ ಮತ್ತು ನಾಲ್ಕನೆಯ ಸಾಲಿಗೆ ಒಂದು ಅಂತ್ಯಪ್ರಾಸ, ನಡುವಿನ ಎರಡಕ್ಕೆ ಇನ್ನೊಂದು. ಸ್ವರಾಘಾತ, ಅಂದರೆ ಉಚ್ಚಾರದ ಒತ್ತು, 3 ಮತ್ತು 7ನೇ ಅಕ್ಷರದ ಮೇಲೆ ಕೂರುತ್ತದೆ. ಇದನ್ನು ಗಟ್ಟಿಯಾಗಿ ಓದಿದರೆ ಬಾಯಿಗೇ ಕುಣಿತ ಬರುತ್ತದೆ. ಮೊಂತೆವೆರ್ದಿ ಆ ಕುಣಿತವನ್ನು ಸ್ವರಕ್ಕೆ ಎತ್ತಿಕೊಂಡ. ಸ್ವಲ್ಪ ಹೊತ್ತಿಗೆ ಅವನ ಮಡದಿ ಎವುರಿದೀಚೆಯ ಸಾವಿನ ಸುದ್ದಿ ಹೊತ್ತ ದೂತಿ ಬರುತ್ತಾಳೆ. ಆ ಕ್ಷಣದಿಂದ ಸಾಲುಗಳು 11, 7ರ ಕ್ರಮವಿಲ್ಲದ ಬೆರಕೆಗೆ ಒಡೆಯುತ್ತವೆ. ಹಾಡು ಎಲ್ಲಿ ನಿಲ್ಲಬೇಕು ಎಂಬುದು ಪದ್ಯದಲ್ಲೇ ತೀರ್ಮಾನವಾಗಿತ್ತು.

ಮೂರನೆಯ ಅಂಕದಲ್ಲಿ ಮಡದಿಯನ್ನು ಮರಳಿ ತರಲು ಹೊರಟ ಒರ್ಫೆಯೊ ಪಾತಾಳದ ಅಂಬಿಗ ಕರೋಂತೆಯನ್ನು ಒಲಿಸಿಕೊಳ್ಳಬೇಕು. ಅದು ಸಂಗೀತದ ಶಕ್ತಿಯೇ ಪರೀಕ್ಷೆಗೆ ಬೀಳುವ ಜಾಗ. ಅಲ್ಲಿ ಸ್ತ್ರಿಜ್ಜೊ ಕೊಟ್ಟದ್ದು ತೆರ್ತ್ಸಾ ರೀಮಾ, ಅಂದರೆ ಕವಿ ದಾಂತೆಯ ಮೂರು ಸಾಲಿನ ಕೊಂಡಿ. ಒಂದು ನುಡಿಯ ನಡುವಿನ ಸಾಲಿನ ಪ್ರಾಸ ಮುಂದಿನ ನುಡಿಯ ಒಂದನೇ, ಮೂರನೇ ಸಾಲನ್ನು ಹಿಡಿದುಕೊಳ್ಳುತ್ತದೆ. ಮೊಂತೆವೆರ್ದಿ ಮೊದಲ ನುಡಿಗೆ ಎರಡು ಪಿಟೀಲು, ಎರಡನೆಯದಕ್ಕೆ ಎರಡು ಕೊರ್ನೆತ್ತೊ (ಊದುವ ವಾದ್ಯ), ಮೂರನೆಯದಕ್ಕೆ ಜೋಡಿಸಾಲಿನ ಹಾರ್ಪ್ ಇಟ್ಟ. ಸ್ವರಲಿಪಿಯಲ್ಲಿ ಗಾಯನದ ಸಾಲನ್ನು ಎರಡು ಸಲ ಅಚ್ಚು ಹಾಕಿಸಿದ, ಒಂದು ಬರಿಯದು, ಒಂದು ಗಮಕಗಳೆಲ್ಲ ತುಂಬಿದ್ದು. ನುಡಿ ನುಡಿಗೂ ಬಣ್ಣ ಬದಲಿಸಲು ಅವನಿಗೆ ಅವಕಾಶ ಸಿಕ್ಕಿದ್ದು ಪದ್ಯ ಮೂರು ಮೂರು ಸಾಲಿಗೆ ಸ್ಪಷ್ಟವಾಗಿ ತುಂಡಾಗಿದ್ದರಿಂದ.

ಅದೇ ಅಂಕದಲ್ಲಿ ಇನ್ನೊಂದು ಸೂಕ್ಷ್ಮವಿದೆ. ಒರ್ಫೆಯೊನನ್ನು ಪಾತಾಳದ ಬಾಗಿಲವರೆಗೆ ಕರೆತರುವ ಪಾತ್ರದ ಹೆಸರು ಸ್ಪೆರಾಂತ್ಸಾ, ಅಂದರೆ ಭರವಸೆ. ಬಾಗಿಲ ಮೇಲೆ ಕೆತ್ತಿದ್ದನ್ನು ಆಕೆ ಓದುತ್ತಾಳೆ: ‘ಒಳಹೊಗುವವರೇ, ಭರವಸೆಯನ್ನೆಲ್ಲ ಬಿಟ್ಟುಬಿಡಿ’. ದಾಂತೆಯ ‘ಇನ್ಫೆರ್ನೊ’ ಮೂರನೆಯ ಸರ್ಗದ ಸಾಲು, ಪದಕ್ಕೆ ಪದ ಅದೇ. ಅದನ್ನು ಓದಿದ ಮೇಲೆ ಭರವಸೆ ಒಳಗೆ ಹೆಜ್ಜೆಯಿಡುವಂತಿಲ್ಲ, ಅಲ್ಲಿಂದಲೇ ಹಿಂತಿರುಗುತ್ತಾಳೆ. ದಾಂತೆಯ ಸಾಲೇ ಪಾತ್ರದ ನಿರ್ಗಮನವನ್ನೂ ಮಾಡಿಸಿತು. ಇದು ಪೂರ್ತಿ ಕವಿಯ ಕೈಕೆಲಸ.

ಕಾಗುಣಿತ

‘ಒರ್ಫೆಯೊ’ ಪ್ರೊಲೊಗ್‌ನ (ಕಥೆಗೆ ಮುನ್ನ ಹಾಡುವ ಪೀಠಿಕೆಯ) ಮೊದಲ ಸಾಲು ‘ದಲ್ ಮಿಯೊ ಪೆರ್ಮೆಸ್ಸೊ ಅಮಾತೊ ಆ ವೊಯಿ ನೆ ವೇಞೊ’. ಇದು 11ರ ಸಾಲು ಎನ್ನುತ್ತಾರೆ. ಎಣಿಸಿದರೆ 15 ಬರುತ್ತದೆ. ಎಲ್ಲಿ ತಪ್ಪುತ್ತಿದೆ?

ಛಂದೋಂಬುಧಿ ತೀರ

ನಾಲ್ಕು ಕಡೆ ಎರಡೆರಡು ಸ್ವರ ಸೇರಿ ಒಂದೇ ಅಕ್ಷರವಾಗುತ್ತವೆ. ‘ಮಿಯೊ’ ಸಾಲಿನ ಮಧ್ಯೆ ಬಂದರೆ ಒಂದು, ಸಾಲಿನ ಕೊನೆಗೆ ಬಂದರೆ ಎರಡು. ‘ವೊಯಿ’ ಕೂಡ ಹಾಗೆಯೇ. ಆಮೇಲೆ ‘ಪೆರ್ಮೆಸ್ಸೊ’ದ ಕೊನೆಯ ಒ, ‘ಅಮಾತೊ’ದ ಮೊದಲ ಅ ಕೂಡಿ ಒಂದು. ‘ಅಮಾತೊ’ದ ಕೊನೆಯ ಒ, ಮುಂದಿನ ಆ ಕೂಡಿ ಇನ್ನೊಂದು. ಹೀಗೆ ಬಿಡಿಸಿ:

ದಲ್ | ಮಿಯೊ | ಪೆರ್ | ಮೆಸ್ | ಸೊಅ | ಮಾ | ತೊಆ | ವೊಯಿ | ನೆ | ವೇ | ಞೊ

ಈಗ 11 ಆಯಿತು. ನಮ್ಮ ರಗಳೆ, ಷಟ್ಪದಿಯ ಮಾತ್ರೆಯ ಎಣಿಕೆ ಇಲ್ಲಿಲ್ಲ. ಅಕ್ಷರಗಣದ ವೃತ್ತದಂತೆ ಲಘು-ಗುರು ಗೊತ್ತುಪಡಿಸುವುದೂ ಇಲ್ಲ. ಅಕ್ಷರದ ಲೆಕ್ಕ, ಜೊತೆಗೆ ಕೊನೆಯ ಸ್ವರಾಘಾತದ ಜಾಗ, ಇವೆರಡೇ ಕಟ್ಟು.

ಕಾಗುಣಿತ

ಹಾಗಾದರೆ ನಮ್ಮ ಲೋಪಸಂಧಿ ಇದ್ದ ಹಾಗೆ?

ಛಂದೋಂಬುಧಿ ತೀರ

ಅಲ್ಲ, ಆ ಹೋಲಿಕೆ ಹಿಡಿದರೆ ಹಾಡುವಾಗ ಎಡವುತ್ತದೆ. ಲೋಪಸಂಧಿಯಲ್ಲಿ ಹಿಂದಿನ ಸ್ವರ ಬಿದ್ದೇಹೋಗುತ್ತದೆ, ‘ಊರು’ ಮತ್ತು ‘ಅಲ್ಲಿ’ ಸೇರಿ ‘ಊರಲ್ಲಿ’ ಆದಂತೆ. ಇಟಾಲಿಯನ್ನಿನಲ್ಲಿ ಎರಡು ಸ್ವರವೂ ಉಳಿಯುತ್ತವೆ, ಬರವಣಿಗೆಯಲ್ಲೂ ಬಾಯಲ್ಲೂ. ಒಂದೇ ಅಕ್ಷರದ ಜಾಗದಲ್ಲಿ ಎರಡನ್ನೂ ಉಚ್ಚರಿಸಬೇಕು. ಸ್ವರಲಿಪಿಯಲ್ಲಿ ಒಂದೇ ಸಂಗೀತಸ್ವರದ ಕೆಳಗೆ ‘ಸೊ’ ಮತ್ತು ‘ಅ’ ಎರಡೂ ಕೂತಿರುವುದನ್ನು ನೋಡಿ. ಕಲಿಯುವವರು ಮೊದಲ ಸ್ವರ ನುಂಗಿದರೆ ಪದ ಅರ್ಥವಾಗುವುದಿಲ್ಲ, ಎರಡಕ್ಕೂ ಬೇರೆ ಬೇರೆ ಜಾಗ ಕೊಟ್ಟರೆ ತಾಳ ತಪ್ಪುತ್ತದೆ.

ಕೊನೆಯ ಘಾತದ ಮಾತೂ ಇಲ್ಲೇ ಮುಗಿಸಿಬಿಡುತ್ತೇನೆ. ಘಾತ ಕಡೆಯಿಂದ ಎರಡನೆಯ ಅಕ್ಷರದ ಮೇಲಿದ್ದರೆ ಆ ಸಾಲು ಪಿಯಾನೊ, ಕಟ್ಟಕಡೆಯ ಅಕ್ಷರದ ಮೇಲಿದ್ದರೆ ತ್ರೊಂಕೊ, ಕಡೆಯಿಂದ ಮೂರನೆಯದರ ಮೇಲಿದ್ದರೆ ಸ್ದ್ರುಚ್ಚೊಲೊ. ಸಾಲಿಗೆ ಹೆಸರು ಬರುವುದು ಪಿಯಾನೊ ಲೆಕ್ಕದಲ್ಲಿ. ಹಾಗಾಗಿ 11ರ ಸಾಲಿನಲ್ಲಿ ಕೊನೆಯ ಘಾತ 10ನೇ ಅಕ್ಷರದ ಮೇಲಿರಬೇಕು, ಅಷ್ಟೇ. ಅದರ ಮುಂದೆ ಏನೂ ಇಲ್ಲದಿದ್ದರೆ 10 ಅಕ್ಷರ, ಒಂದಿದ್ದರೆ 11, ಎರಡಿದ್ದರೆ 12. ಮೂರಕ್ಕೂ ‘11ರ ಸಾಲು’ ಎಂದೇ ಹೆಸರು.

ಈ ಮೂರು ಬಾಲಗಳನ್ನು ಕವಿಗಳು ಬಣ್ಣದಂತೆ ಬಳಸುತ್ತಿದ್ದರು. ಮಂತ್ರ, ಮಾಟ, ಪಾತಾಳ ಬಂದರೆ ಸ್ದ್ರುಚ್ಚೊಲೊ. 1649ರ ‘ಜಾಸೊನೆ’ಯಲ್ಲಿ (ಪದ್ಯ ಚಿಕೊಞೀನಿ, ಸಂಗೀತ ಕವಾಲ್ಲಿ) ಮಾಟಗಾತಿ ಮೆದೇಆ ದೆವ್ವಗಳನ್ನು ಕರೆಯುವುದು ‘ದೆಲ್ಲಾಂತ್ರೊ ಮಾಜಿಕೊ, ಸ್ತ್ರಿದೆಂತಿ ಕಾರ್ದಿನಿ’ ಎಂದು. ಸಾಲಿಗೆ 6 ಅಕ್ಷರ, ಘಾತ 4ನೆಯದರ ಮೇಲೆ, ಆದ್ದರಿಂದ 5ರ ಸಾಲು. ‘ಮಾ’ ಗುದ್ದಿದ ಮೇಲೆ ‘ಜಿಕೊ’ ಜಾರಿಹೋಗುತ್ತದೆ, ‘ಕಾರ್’ ಗುದ್ದಿದ ಮೇಲೆ ‘ದಿನಿ’. ಸಾಲು ಸಾಲಿಗೂ ಅದೇ ಪೆಟ್ಟು. ಕವಾಲ್ಲಿಯ ಸಂಗೀತದ ಬಡಿತ ಹುಟ್ಟುವುದು ಇಲ್ಲಿಂದ.

1641ರಲ್ಲಿ ಮೊಂತೆವೆರ್ದಿಗಾಗಿ ಬರೆದ ‘ಲೆ ನೊತ್ಸೆ ದೆನೇಆ’ದ ಕವಿ ಇದನ್ನೇ ತನ್ನ ಮುನ್ನುಡಿಯಲ್ಲಿ ಬಾಯಿಬಿಟ್ಟು ಹೇಳಿದ್ದಾನೆ: ಕೆಳದರ್ಜೆಯ ಪಾತ್ರಗಳಿಗೆ ಸ್ದ್ರುಚ್ಚೊಲೊ ಕೊಟ್ಟೆ, ಸಿಟ್ಟಿನವರಿಗೆ ಗಿಡ್ಡ ತ್ರೊಂಕೊ ಕೊಟ್ಟೆ ಎಂದು. ಸಂಗೀತ ಸಿಕ್ಕಿಲ್ಲ, ಪದ್ಯ ಉಳಿದಿದೆ.

ತ್ರೊಂಕೊ ಬರೆಯುವುದು ಸುಲಭವಲ್ಲ. ಇಟಾಲಿಯನ್ ಪದಗಳು ಬಹುಪಾಲು ಪಿಯಾನೊ. ಆದ್ದರಿಂದ ಕವಿ ಪದದ ಬಾಲ ಕತ್ತರಿಸುತ್ತಾನೆ, ಅಮೋರೆ ‘ಅಮೋರ್’ ಆಗುತ್ತದೆ, ದೊಲೋರೆ ‘ದೊಲೋರ್’, ಮೊರೀರೆ ‘ಮೊರೀರ್’. ಹೀಗೆ ಕತ್ತರಿಸಲು ಬರುವ ಪದಗಳ ಸಂಖ್ಯೆ ಕಡಿಮೆ. ಅದಕ್ಕೇ ಒಪೆರಾದ ಹಾಡುಗಳಲ್ಲಿ ಅಮೋರ್-ದೊಲೋರ್-ಕೋರ್ ಪ್ರಾಸ ಕೇಳಿ ಕೇಳಿ ಸವೆದುಹೋಯಿತು. ಒಳ್ಳೆಯ ಕವಿ ತ್ರೊಂಕೊವನ್ನು ನುಡಿಯ ಕೊನೆಯ ಸಾಲಿಗೆ ಉಳಿಸಿಟ್ಟುಕೊಳ್ಳುತ್ತಾನೆ. ಸಂಗೀತ ಅಲ್ಲಿ ಗಟ್ಟಿಯಾಗಿ ನಿಲ್ಲಬಹುದು.

ಹಸ್ತಪ್ರತಿ

ನುಡಿಗಳ ಮಾತು ಬಂದದ್ದರಿಂದ ಒಂದು ತಾಂತ್ರಿಕ ಕಟ್ಟುಪಾಡು ಸೇರಿಸುತ್ತೇನೆ. ಪ್ರೊಲೊಗ್ ಸಾಮಾನ್ಯವಾಗಿ 11ರ ನಾಲ್ಕು ಸಾಲಿನ ನುಡಿಗಳಲ್ಲಿ ಇರುತ್ತಿತ್ತು. ‘ಒರ್ಫೆಯೊ’ದಲ್ಲಿ ಲಾ ಮೂಸಿಕಾ (ಪಾತ್ರವಾಗಿ ಬರುವ ಸಂಗೀತ) ಹಾಡುವುದು 5 ನುಡಿ. ಕವಿ ರಿನುಚ್ಚಿನಿಯ ‘ಎವುರಿದೀಚೆ’ ಒಪೆರಾದಲ್ಲಿ ಲಾ ತ್ರಜೇದಿಯಾ, ಅಂದರೆ ದುರಂತದೇವಿ, ಬರುತ್ತಾಳೆ. ಅಲ್ಲಿ ಸಂಗೀತಗಾರ ಪೇರಿ ಒಂದು ನುಡಿಗೆ ಮಾತ್ರ ಸ್ವರ ಬರೆದು ಮಿಕ್ಕವನ್ನು ಅದೇ ಸ್ವರಕ್ಕೆ ಹಾಡಲು ಬಿಟ್ಟ. ಇದರಿಂದ ಕವಿಯ ಮೇಲೆ ಬೀಳುವ ಷರತ್ತು ಎರಡು.

ಪ್ರತಿ ನುಡಿಯ ಕೊನೆಗೆ ವಾಕ್ಯ ಮುಗಿಯಲೇಬೇಕು. ಮಧ್ಯೆ ವಾದ್ಯದ ರಿತೊರ್ನೆಲ್ಲೊ (ಮರುಕಳಿಸುವ ತುಣುಕು) ಬರುತ್ತದೆ. ವಾಕ್ಯ ಮುಂದಿನ ನುಡಿಗೆ ಹರಿದರೆ ಕರ್ತೃ ಒಂದು ಕಡೆ, ಕ್ರಿಯಾಪದ ವಾದ್ಯದ ಆಚೆ ಕಡೆ ಆಗುತ್ತದೆ, ಕೇಳುವವನಿಗೆ ತಳಬುಡ ತಿಳಿಯುವುದಿಲ್ಲ. ಎರಡನೆಯದು, ಘಾತಗಳು ಎಲ್ಲ ನುಡಿಯಲ್ಲೂ ಹೆಚ್ಚುಕಡಿಮೆ ಒಂದೇ ಜಾಗದಲ್ಲಿ ಬೀಳಬೇಕು. ಇಲ್ಲದಿದ್ದರೆ ಮೊದಲ ನುಡಿಯ ಮುಖ್ಯಪದಕ್ಕೆಂದು ಕೂರಿಸಿದ ಎತ್ತರದ ಸ್ವರ ಮೂರನೆಯ ನುಡಿಯಲ್ಲಿ ಯಾವುದೋ ವಿಭಕ್ತಿಯ ತುಣುಕಿನ ಮೇಲೆ ಬೀಳುತ್ತದೆ.

ಮೊಂತೆವೆರ್ದಿ ಎರಡನೆಯ ತೊಂದರೆಯನ್ನು ತಪ್ಪಿಸಿಕೊಂಡ. ಮಂದ್ರದ ಬಾಸ್ ಸಾಲನ್ನು ಐದೂ ನುಡಿಗೆ ಬಹುಪಾಲು ಹಾಗೆಯೇ ಇಟ್ಟು, ಮೇಲಿನ ಗಾಯನವನ್ನು ನುಡಿ ನುಡಿಗೂ ತಿದ್ದಿದ. ಕೊನೆಯ ನುಡಿಯಲ್ಲಿ ಸ್ತ್ರಿಜ್ಜೊ ‘ಹಕ್ಕಿ ಅಲುಗದಿರಲಿ, ಅಲೆ ಸದ್ದು ಮಾಡದಿರಲಿ, ಗಾಳಿ ನಡೆ ನಿಲ್ಲಿಸಲಿ’ ಎಂಬ ಅರ್ಥದ ಸಾಲು ಕೊಟ್ಟಿದ್ದಾನೆ. ಸಂಗೀತವೂ ಅಲ್ಲಿ ತಡೆದು ತಡೆದು ಮೌನಕ್ಕೆ ಜಾಗ ಬಿಡುತ್ತದೆ. ಸಭೆಯ ಗದ್ದಲ ನಿಲ್ಲಿಸಿ ಕಥೆ ಆರಂಭಿಸುವ ಕೆಲಸವೂ ಆ ನುಡಿಯಿಂದಲೇ ಆಗುತ್ತದೆ.

ನೇಪಥ್ಯ

ರಿನುಚ್ಚಿನಿಯ ಹೆಸರು ಬಂತು. ಈ ಕಸುಬಿಗೆ ಮೊದಲಿಗ ಆತನೇ. ‘ದಾಫ್ನೆ’ 1598ರ ಕಾರ್ನಿವಲ್ ವೇಳೆಗೆ ಫ್ಲಾರೆನ್ಸಿನ ಕುಲೀನ ಕೊರ್ಸಿಯ ಮನೆಯಲ್ಲಿ ಆಡಿದ್ದು. ಪೇರಿ ಮತ್ತು ಕೊರ್ಸಿ ಸಂಗೀತ ಮಾಡಿದ್ದರು. ಪದ್ಯ ಪೂರ್ತಿ ಉಳಿದಿದೆ, ಸಂಗೀತದಲ್ಲಿ ತುಣುಕುಗಳು ಮಾತ್ರ. ‘ಎವುರಿದೀಚೆ’ 1600ರ ಅಕ್ಟೋಬರ್ 6ರಂದು ಪಿತ್ತಿ ಅರಮನೆಯಲ್ಲಿ, ಮರಿಯಾ ದೆ ಮೆದಿಚಿ ಮತ್ತು ಫ್ರಾನ್ಸಿನ ನಾಲ್ಕನೆಯ ಹೆನ್ರಿಯ ಮದುವೆಯ ಸಂಭ್ರಮಕ್ಕೆ. ಮದುವೆಯ ಮನೆಯಲ್ಲಿ ಹೆಂಡತಿಯನ್ನು ಎರಡು ಸಲ ಕಳೆದುಕೊಳ್ಳುವ ಕಥೆ ಆಡುವುದು ಹೇಗೆ? ರಿನುಚ್ಚಿನಿ ‘ಹಿಂತಿರುಗಿ ನೋಡಬಾರದು’ ಎಂಬ ಷರತ್ತನ್ನೇ ತೆಗೆದುಹಾಕಿದ. ಒರ್ಫೆಯೊ ಹಾಡುತ್ತಾನೆ, ಪಾತಾಳದ ದೊರೆ ಕರಗುತ್ತಾನೆ, ಇಬ್ಬರೂ ಮರಳಿ ಬರುತ್ತಾರೆ. ಪ್ರೊಲೊಗ್‌ನಲ್ಲಿ ದುರಂತದೇವಿಯೇ ಬಂದು ಇವತ್ತು ನನ್ನ ವೇಷ ಬೇರೆ ಎಂದು ಹೇಳಿಹೋಗುವುದು ಇದರ ಸಮರ್ಥನೆಗಾಗಿ.

ಮೊದಮೊದಲ ನಾಯಕರೆಲ್ಲ ಅಪೊಲ್ಲೊ, ಒರ್ಫೆಯೊ ಥರದ ಗಾಯಕರೇ ಆಗಿರುವುದಕ್ಕೂ ಕಾರಣವಿದೆ. ಮನುಷ್ಯ ಮಾತಾಡುವ ಬದಲು ಹಾಡುವುದನ್ನು ಆಗಿನ ಪ್ರೇಕ್ಷಕ ಒಪ್ಪಬೇಕಿತ್ತು. ಗಾನಕ್ಕೆ ಹೆಸರಾದವನನ್ನೇ ನಿಲ್ಲಿಸಿದರೆ ಆ ಆಕ್ಷೇಪ ಅರ್ಧ ಕರಗುತ್ತದೆ.

ಕವಿಯ ಕೆಲಸ ಎಷ್ಟು, ಸಂಗೀತಗಾರನದೆಷ್ಟು ಎಂದು ಅಳೆಯಲು ‘ಎವುರಿದೀಚೆ’ಯಷ್ಟು ಒಳ್ಳೆಯ ಸಾಮಗ್ರಿ ಬೇರೆ ಇಲ್ಲ. ಇದೇ ಪದ್ಯಕ್ಕೆ ಪೇರಿಯೂ ಸಂಗೀತ ಮಾಡಿದ, ಇನ್ನೊಬ್ಬ ಸಂಗೀತಗಾರ ಕಾಚ್ಚಿನಿಯೂ ಮಾಡಿದ, ಎರಡೂ ಅಚ್ಚಾಗಿ ಉಳಿದಿವೆ. 1600ರ ಪ್ರದರ್ಶನದಲ್ಲಿ ಎವುರಿದೀಚೆ ಮತ್ತು ಇನ್ನು ಕೆಲವರು ಹಾಡಿದ ಭಾಗ ಕಾಚ್ಚಿನಿಯದು, ಅವರು ಅವನ ಕೈಕೆಳಗಿನ ಗಾಯಕರಾಗಿದ್ದರಿಂದ. ಪೇರಿಯೇ ಮುನ್ನುಡಿಯಲ್ಲಿ ಇದನ್ನು ಬರೆದಿದ್ದಾನೆ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ: ಕೋರಸ್ ಎಲ್ಲಿ, ನುಡಿಯ ಹಾಡು ಎಲ್ಲಿ, ಮಾತು ಎಲ್ಲಿ ಎಂಬ ವಿಂಗಡಣೆ ಬಹುತೇಕ ಒಂದೇ. ಅದು ರಿನುಚ್ಚಿನಿ ಹಾಕಿಕೊಟ್ಟ ಪಾಯ.

ಕಿನ್ನರಿ

‘ಅರಿಯಾನ್ನಾ’ ಬಗ್ಗೆ ಯಾರೂ ಹೇಳಲಿಲ್ಲವಲ್ಲ. ಕವಿಯ ಬರಹವನ್ನು ಹೊರಗಿನವರು ತಿದ್ದಿಸಿದ್ದಕ್ಕೆ ಅದಕ್ಕಿಂತ ಸ್ಪಷ್ಟ ದಾಖಲೆ ಸಿಗುವುದು ಕಷ್ಟ.

1608, ಮಾಂತುವಾ. ರಾಜಕುಮಾರ ಫ್ರಾಂಚೆಸ್ಕೊ ಗೊಂಜಾಗನಿಗೆ ಸವೊಯಿಯ ಮಾರ್ಗರೀತಾಳೊಂದಿಗೆ ಮದುವೆ. ಪದ್ಯ ರಿನುಚ್ಚಿನಿ, ಸಂಗೀತ ಮೊಂತೆವೆರ್ದಿ. ಫೆಬ್ರವರಿಯ ಸಮಾಲೋಚನೆಯಲ್ಲಿ ಡಚೆಸ್ ಎಲಿಯೊನೋರಾ ‘ಇದು ತೀರಾ ಒಣಗಿದೆ’ ಎಂದಳು. ಕಥೆಗೆ ಇನ್ನಷ್ಟು ಕ್ರಿಯೆ ಸೇರಿಸುವುದಕ್ಕೆ ರಿನುಚ್ಚಿನಿಗೆ ಒಪ್ಪಿಸಲಾಯಿತು. ಮಾರ್ಚಿನಲ್ಲಿ ಮುಖ್ಯಪಾತ್ರ ಮಾಡಬೇಕಿದ್ದ ಕತೆರೀನಾ ಮಾರ್ತಿನೆಲ್ಲಿ ಸಿಡುಬಿನಿಂದ ತೀರಿಕೊಂಡಳು. ಬದಲಿಗೆ ಬಂದ ವಿರ್ಜೀನಿಯಾ ಆಂದ್ರೆಯೀನಿ ಹಾಡಬಲ್ಲ ನಟಿ, ನಾಟಕದ ಕಂಪನಿಯವಳು. ಪ್ರದರ್ಶನವಾದದ್ದು ಮೇ 28ಕ್ಕೆ. ಸಂಗೀತದಲ್ಲಿ ಉಳಿದದ್ದು, ಪ್ರಿಯಕರ ಬಿಟ್ಟುಹೋದ ಅರಿಯಾನ್ನಾಳ ಪ್ರಲಾಪ ಮಾತ್ರ.

ಆ ಪ್ರಲಾಪದ ಮೊದಲ ತುಂಡನ್ನು ಅಳೆದು ನೋಡಿ. ‘ಲಾಶಾತೆಮಿ ಮೊರೀರೆ’, ಅಂದರೆ ಸಾಯಲು ಬಿಡಿ, 7. ಮತ್ತೆ ಅದೇ, 7. ‘ಏ ಕೆ ವೊಲೇತೆ ವೊಯಿ ಕೆ ಮಿ ಕೊನ್ಫೋರ್ತೆ’, 11. ‘ಇನ್ ಕೊಸೀ ದೂರಾ ಸೋರ್ತೆ’, 7. ‘ಇನ್ ಕೊಸೀ ಗ್ರಾನ್ ಮಾರ್ತೀರೆ’, 7. ಕೊನೆಗೆ ಮತ್ತೆ ‘ಲಾಶಾತೆಮಿ ಮೊರೀರೆ’. ಒಂದೇ ಒಂದು ಉದ್ದದ ಸಾಲು, ಅದು ಪ್ರಶ್ನೆ: ಇಂಥ ಗತಿಯಲ್ಲಿ ನನ್ನನ್ನು ಸಂತೈಸುವುದು ಏನಿದೆ? ಉಸಿರು ಉದ್ದವಾಗುವುದು ಅಲ್ಲಿ ಮಾತ್ರ, ಮಿಕ್ಕದ್ದೆಲ್ಲ ಬಿಕ್ಕು. ಸಾಮಾನ್ಯ ಬಳಕೆಯಲ್ಲಿ ‘ಕೊನ್ಫೋರ್ತಿ’ ಎನ್ನಬೇಕು, ಸೋರ್ತೆಗೆ ಪ್ರಾಸ ಕೂಡಲೆಂದು ‘ಕೊನ್ಫೋರ್ತೆ’ ಆಗಿದೆ. ಮೊರೀರೆಗೆ ಮಾರ್ತೀರೆ ಪ್ರಾಸ. ಶುರುವಾದ ಸಾಲಿಗೇ ಮರಳುವುದನ್ನೂ ರಿನುಚ್ಚಿನಿಯೇ ಬರೆದಿಟ್ಟಿದ್ದಾನೆ. ಮೊಂತೆವೆರ್ದಿ ಅದೇ ಸ್ವರವನ್ನು ಹಿಂದಕ್ಕೆ ತಂದದ್ದು ಆ ಸೂಚನೆಯಂತೆ.

ಮೂಲ ನಾಟಕದಲ್ಲಿ ಈ ಪ್ರಲಾಪದ ಮಧ್ಯೆ ಮಧ್ಯೆ ಬೆಸ್ತರ ಕೋರಸ್ ಬರುತ್ತದೆ. ಈಗ ನಾವು ಕೇಳುವ ಏಕಗಾಯನದಲ್ಲಿ ಅದಿಲ್ಲ. ಹಾಗಾಗಿ ಬರಿಯ ಪ್ರಲಾಪ ಕೇಳಿ ‘ತುಂಡು ತುಂಡಾಗಿದೆ’ ಎನ್ನುವವರು ಆ ಖಾಲಿ ಜಾಗಗಳಲ್ಲಿ ಕೋರಸ್ ಇತ್ತೆಂಬುದನ್ನು ನೆನಪಿಡಬೇಕು.

ಮಂದ್ರ

ಪದ್ಯ ಹಿಡಿಸದಿದ್ದರೆ ಸಂಗೀತಗಾರ ಹೇಳುತ್ತಿದ್ದನೇ?

ಹಸ್ತಪ್ರತಿ

ಚೆನ್ನಾಗಿಯೇ ಹೇಳುತ್ತಿದ್ದ. 1616ರ ಡಿಸೆಂಬರ್ 9ರಂದು ಮೊಂತೆವೆರ್ದಿ ಇದೇ ಸ್ತ್ರಿಜ್ಜೊಗೆ ಬರೆದ ಕಾಗದ ಉಳಿದಿದೆ. ‘ಲೆ ನೊತ್ಸೆ ದಿ ತೇತಿದೆ’ ಎಂಬ ಶಿಪಿಯೋನೆ ಆಞೆಲ್ಲಿಯ ಪದ್ಯ ಅವನ ಕೈಗೆ ಬಂದಿತ್ತು. ಅದರಲ್ಲಿ ಮಾತಾಡುವ ಪಾತ್ರಗಳಾಗಿ ಗಾಳಿಗಳಿದ್ದವು. ಗಾಳಿ ಮಾತಾಡುವುದೇ ಇಲ್ಲವಲ್ಲ, ಅದರ ಮಾತನ್ನು ಹೇಗೆ ಅನುಕರಿಸಲಿ ಎಂದು ಕೇಳುತ್ತಾನೆ. ಅರಿಯಾನ್ನಾ ಮನ ಕಲಕಿದ್ದು ಹೆಣ್ಣಾದ್ದರಿಂದ, ಒರ್ಫೆಯೊ ಕಲಕಿದ್ದು ಮನುಷ್ಯನಾದ್ದರಿಂದ, ಗಾಳಿಯಾದ್ದರಿಂದಲ್ಲ ಎಂಬುದು ಅವನ ವಾದ.

1627ರ ಮೇ ತಿಂಗಳ ಕಾಗದವೂ ಮುಖ್ಯ. ಜೂಲಿಯೊ ಸ್ತ್ರೊತ್ಸಿಯ ‘ಲಾ ಫಿಂತಾ ಪಾತ್ಸಾ ಲಿಕೋರಿ’, ಹುಚ್ಚಿಯಂತೆ ನಟಿಸುವ ಹೆಣ್ಣಿನ ಕಥೆ. ಅವಳ ಹುಚ್ಚನ್ನು ಸಂಗೀತ ಒಂದೊಂದು ಪದಕ್ಕೆ ಅನುಕರಿಸಬೇಕು, ಪೂರ್ತಿ ವಾಕ್ಯದ ಅರ್ಥಕ್ಕಲ್ಲ ಎನ್ನುತ್ತಾನೆ. ಯುದ್ಧ ಎಂದ ಕೂಡಲೇ ಯುದ್ಧ, ಶಾಂತಿ ಎಂದ ಕೂಡಲೇ ಶಾಂತಿ. ಇದಕ್ಕೆ ಕವಿ ಒದಗಿಸಬೇಕಾದ್ದು ಏನೆಂದರೆ ಒಂದೊಂದು ಪದವೂ ಕಣ್ಣಿಗೆ ಕಟ್ಟುವಂಥದ್ದಾಗಿರಬೇಕು, ಪಕ್ಕದ ಪದಕ್ಕೆ ವಿರುದ್ಧ ದಿಕ್ಕಿಗೆ ಎಳೆಯಬೇಕು. ನಯವಾಗಿ ಹರಿಯುವ ತರ್ಕದ ವಾಕ್ಯ ಕೊಟ್ಟರೆ ಹುಚ್ಚು ಕಾಣುವುದಿಲ್ಲ.

ಕಿನ್ನರಿ

ಸಂಗೀತಗಾರ ಪದ್ಯವನ್ನು ಕತ್ತರಿಸಿದ್ದಕ್ಕೂ ಉದಾಹರಣೆ ಬೇಕು. 1638ರಲ್ಲಿ ಅಚ್ಚಾದ ‘ಲಮೆಂತೊ ದೆಲ್ಲಾ ನಿಂಫಾ’ (ಅಪ್ಸರೆಯ ಪ್ರಲಾಪ) ಒಪೆರಾ ಅಲ್ಲ, ಆದರೆ ಪದ್ಯ ರಿನುಚ್ಚಿನಿಯದು. ಆತ ಬರೆದದ್ದು ಸಾಮಾನ್ಯ ನುಡಿಗಟ್ಟಿನ ಹಾಡು, ಪ್ರತಿ ನುಡಿಯ ಕೊನೆಗೆ ‘ಮಿಸೆರೆಲ್ಲಾ’ ಎಂಬ ಪಲ್ಲವಿ. ಮೊಂತೆವೆರ್ದಿ ಪಲ್ಲವಿಯನ್ನು ಮೂರು ಗಂಡುದನಿಗಳಿಗೆ ಹಂಚಿದ. ಹುಡುಗಿ ಹಾಡುತ್ತಿರುವಾಗಲೇ ಅವರು ನಡುನಡುವೆ ‘ಪಾಪದವಳು’ ಎನ್ನುತ್ತಾರೆ. ಕೆಳಗೆ ಬಾಸ್‌ನಲ್ಲಿ ಇಳಿಯುವ ನಾಲ್ಕೇ ಸ್ವರ, ಮತ್ತೆ ಮತ್ತೆ. ಪದ್ಯದ ಅಂಗಗಳೆಲ್ಲ ಇವೆ, ಜೋಡಣೆ ಮಾತ್ರ ಬೇರೆ. ಇಷ್ಟು ಬಿಡಿಸಲು ಬಂದದ್ದೂ ಮೂಲದ ಕೀಲುಗಳು ಅಷ್ಟು ಖಚಿತವಾಗಿದ್ದರಿಂದಲೇ.

ನೇಪಥ್ಯ

ಮಂದ್ರ ಅವರ ಮೂರನೆಯ ಪ್ರಶ್ನೆ, ದುಡ್ಡು. ಆಸ್ಥಾನದಲ್ಲಿ ಅದು ಪ್ರಶ್ನೆಯೇ ಅಲ್ಲ. ಸ್ತ್ರಿಜ್ಜೊ ಗೊಂಜಾಗರ ಆಸ್ಥಾನದ ಅಧಿಕಾರಿ, ರಿನುಚ್ಚಿನಿ ಕುಲೀನ. ಲೆಕ್ಕ ಬದಲಾದದ್ದು ವೆನಿಸ್ಸಿನಲ್ಲಿ. 1637ರಲ್ಲಿ ಸಾನ್ ಕಸ್ಸಿಯಾನೊ ಥಿಯೇಟರು ಟಿಕೆಟ್ಟು ಕೊಂಡವರಿಗೆಲ್ಲ ಬಾಗಿಲು ತೆರೆಯಿತು. ಆಟ ‘ಆಂದ್ರೋಮೆದಾ’, ಪದ್ಯ ಬೆನೆದೆತ್ತೊ ಫೆರ್ರಾರಿ, ಸಂಗೀತ ಮನೆಲ್ಲಿ.

ಅಲ್ಲಿ ಸಂಗೀತಗಾರನಿಗೆ, ಗಾಯಕರಿಗೆ ಥಿಯೇಟರಿನಿಂದ ಹಣ. ಕವಿಯ ಗಳಿಕೆ ಹೆಚ್ಚಾಗಿ ಪುಸ್ತಕದಿಂದ. ಲಿಬ್ರೆಟ್ಟೊ ಅಂದರೆ ಪುಟ್ಟ ಪುಸ್ತಕ ಎಂದೇ ಅರ್ಥ. ಅಂಗೈಯಲ್ಲಿ ಹಿಡಿಸುವ ಗಾತ್ರ. ಅರ್ಪಣೆಯ ಪುಟದಲ್ಲಿ ಹೆಸರು ಬಂದ ಶ್ರೀಮಂತ ಕೊಡುವ ಕಾಣಿಕೆ ಒಂದು, ಬಾಗಿಲಲ್ಲಿ ಮಾರಾಟವಾದ ಪ್ರತಿಗಳ ಹಣ ಇನ್ನೊಂದು. ಪ್ರೇಕ್ಷಕರು ಮೇಣದ ಸಣ್ಣ ಬತ್ತಿ ಹಚ್ಚಿಕೊಂಡು ಆಟದ ಜೊತೆ ಜೊತೆಗೆ ಓದುತ್ತಿದ್ದರು. ಉಳಿದಿರುವ ಪ್ರತಿಗಳಲ್ಲಿ ಮೇಣ ತೊಟ್ಟಿಕ್ಕಿದ ಕಲೆಗಳಿವೆ.

ಪುಸ್ತಕದ ಒಳಗಿನ ಕ್ರಮ ಸಾಮಾನ್ಯವಾಗಿ ಹೀಗೆ: ಅರ್ಪಣೆ, ಓದುಗನಿಗೆ ಮಾತು, ಕಥಾಸಾರ, ಪಾತ್ರಗಳ ಪಟ್ಟಿ, ದೃಶ್ಯಗಳ ಮತ್ತು ಯಂತ್ರಗಳ ವಿವರ, ಆಮೇಲೆ ಪ್ರೊಲೊಗ್ ಮತ್ತು ಮೂರು ಅಂಕ. ಆಸ್ಥಾನದ ಐದು ಅಂಕಗಳು ಇಲ್ಲಿ ಮೂರಕ್ಕೆ ಇಳಿದವು. ‘ವಿಧಿ’, ‘ದೇವತೆಗಳು’ ಮೊದಲಾದ ಮಾತುಗಳು ಕಾವ್ಯದ ಅಲಂಕಾರ ಮಾತ್ರ, ನನ್ನ ನಂಬಿಕೆ ಕ್ಯಾಥೊಲಿಕ್ ನಂಬಿಕೆಯೇ ಎಂಬ ಒಕ್ಕಣೆಯೂ ಬಹಳ ಪುಸ್ತಕಗಳಲ್ಲಿ ಸಿಗುತ್ತದೆ. ಅಚ್ಚಿಗೆ ಅನುಮತಿ ಬೇಕಿದ್ದ ಕಾಲ ಅದು.

ಅಚ್ಚು ಮತ್ತು ತಾಲೀಮು ಒಟ್ಟೊಟ್ಟಿಗೆ ನಡೆಯುತ್ತಿದ್ದುದರಿಂದ ಪುಸ್ತಕ ಒಂದು, ವೇದಿಕೆಯಲ್ಲಿ ಹಾಡಿದ್ದು ಇನ್ನೊಂದು ಆಗುತ್ತಿತ್ತು. ತಡವಾಗಿ ಸೇರಿದ ಹಾಡುಗಳನ್ನು ಕೊನೆಗೆ ಬೇರೆ ಹಾಳೆಯಲ್ಲಿ ಅಂಟಿಸುತ್ತಿದ್ದರು. ಓದಲು ಬಿಟ್ಟು ಹಾಡದೆ ಕೈಬಿಟ್ಟ ಸಾಲುಗಳಿಗೆ ಅಂಚಿನಲ್ಲಿ ಉದ್ಧರಣ ಚಿಹ್ನೆ ಹಾಕುವ ಪದ್ಧತಿಯೂ ಬಂತು. ಹಳೆಯ ಪ್ರತಿಯಲ್ಲಿ ಆ ಚಿಹ್ನೆ ಕಂಡರೆ ಯಾರದೋ ಮಾತಿನ ಉಲ್ಲೇಖ ಎಂದು ಓದಬೇಡಿ.

ಜೊವಾನ್ನಿ ಫಾವುಸ್ತಿನಿ ಇನ್ನೂ ಒಂದು ಹೆಜ್ಜೆ ಹೋದ. ಪದ್ಯ ಬರೆಯುವುದರ ಜೊತೆಗೆ ಥಿಯೇಟರನ್ನೇ ಬಾಡಿಗೆಗೆ ಹಿಡಿದು ನಡೆಸಿದ. 1651ರಲ್ಲಿ ಸಾಂತಪೊಲ್ಲಿನಾರೆ ಥಿಯೇಟರಿನಲ್ಲಿ ಕವಾಲ್ಲಿಯ ಸಂಗೀತದ ‘ಲಾ ಕಲಿಸ್ತೊ’ ಆಡಿಸಿದ, ಅದೇ ಡಿಸೆಂಬರಿನಲ್ಲಿ ತೀರಿಕೊಂಡ. ವಯಸ್ಸು 40 ಕೂಡ ಆಗಿರಲಿಲ್ಲ.

ಕಾಗುಣಿತ

‘ಪೊಪ್ಪೆಯಾ’ ಬರೆದ ಬುಸೆನೆಲ್ಲೊ?

ಹಸ್ತಪ್ರತಿ

ಜೊವಾನ್ನಿ ಫ್ರಾಂಚೆಸ್ಕೊ ಬುಸೆನೆಲ್ಲೊ ವಕೀಲ. ಹಣಕ್ಕಾಗಿ ಬರೆಯಬೇಕಾದ ಗರಜು ಇರಲಿಲ್ಲ. ತನ್ನ ಲಿಬ್ರೆಟ್ಟೊಗಳನ್ನು 1656ರಲ್ಲಿ ‘ಬಿಡುವಿನ ಗಂಟೆಗಳು’ ಎಂಬರ್ಥದ ಹೆಸರಿಟ್ಟು ಒಟ್ಟಿಗೆ ಪ್ರಕಟಿಸಿದ. 1643ರ ‘ಪೊಪ್ಪೆಯಾಳ ಪಟ್ಟಾಭಿಷೇಕ’ದ ಕಥಾಸಾರದಲ್ಲಿ ರೋಮಿನ ಇತಿಹಾಸಕಾರ ತಾಸಿತುಸ್‌ನ ಇತಿಹಾಸ ಇಷ್ಟು ಎಂದು ಹೇಳಿ, ‘ಆದರೆ ಇಲ್ಲಿ ಸಂಗತಿಯನ್ನು ಬೇರೆ ಥರ ತೋರಿಸಿದೆ’ ಎಂದು ಒಂದೇ ಸಾಲಿನಲ್ಲಿ ಮುಗಿಸುತ್ತಾನೆ.

ದೃಶ್ಯಗಳನ್ನು ಪೋಣಿಸುವ ಅವನ ಕೈಚಳಕ ನೋಡಿ. ಪರದೆ ಎದ್ದಾಗ ಪ್ರೇಮಿ ಒತ್ತೋನೆ ಮುಂಜಾವದಲ್ಲಿ ಪೊಪ್ಪೆಯಾಳ ಮನೆಯ ಮುಂದೆ ಪ್ರೇಮದ ಹಾಡು ಹಾಡುತ್ತಾನೆ. ಬಾಗಿಲಲ್ಲಿ ರೋಮಿನ ಚಕ್ರವರ್ತಿ ನೆರೋನೆಯ ಇಬ್ಬರು ಸೈನಿಕರು ಮಲಗಿದ್ದಾರೆ. ಅವರನ್ನು ಕಂಡೊಡನೆ ಒಳಗೆ ಯಾರಿದ್ದಾರೆ ಎಂಬುದು ಅವನಿಗೂ ನಮಗೂ ಗೊತ್ತಾಗುತ್ತದೆ, ಯಾರೂ ವಿವರಿಸಬೇಕಿಲ್ಲ. ಎದ್ದ ಸೈನಿಕರು ನಿದ್ದೆಗೆಟ್ಟ ಸಿಟ್ಟಿನಲ್ಲಿ ರಾಜ್ಯದ ಸ್ಥಿತಿಯನ್ನೆಲ್ಲ ಬೈದುಕೊಳ್ಳುತ್ತಾರೆ, ಕಥೆಯ ಹಿನ್ನೆಲೆ ಆ ಬೈಗುಳದಲ್ಲೇ ಬಂದುಬಿಡುತ್ತದೆ. ಎರಡನೆಯ ಅಂಕದಲ್ಲಿ ದಾರ್ಶನಿಕ ಸೆನೆಕಾ ಸಾಯಲು ಹೊರಟ ಸ್ವಲ್ಪದರಲ್ಲೇ ಅರಮನೆಯ ಎಳೆಯ ಚಾಕರ ಮತ್ತು ದಾಸಿಹುಡುಗಿಯ ಚೆಲ್ಲಾಟ. ಸಾವಿನ ಪಕ್ಕಕ್ಕೇ ಅದನ್ನು ತಂದಿಟ್ಟದ್ದು ಕವಿ.

ಒಂದು ತಪ್ಪು ಎಲ್ಲೆಡೆ ಹರಡಿದೆ, ಸರಿಪಡಿಸಿಕೊಳ್ಳಿ. ಕೊನೆಯ ಜೋಡಿಗಾನ ‘ಪೂರ್ ತಿ ಮೀರೊ’ ಬುಸೆನೆಲ್ಲೊ 1656ರಲ್ಲಿ ಅಚ್ಚು ಹಾಕಿಸಿದ ಪದ್ಯದಲ್ಲಿ ಇಲ್ಲ. ಉಳಿದಿರುವ ಎರಡು ಸ್ವರಲಿಪಿಗಳಲ್ಲಿ ಇದೆ. ಅದೇ ಪದಗಳು ಫೆರ್ರಾರಿಯ ‘ಇಲ್ ಪಾಸ್ತೊರ್ ರೇಜೊ’ದ 1641ರ ಬೊಲೊಞಾ ಮುದ್ರಣದಲ್ಲಿ ಮೊದಲೇ ಬಂದಿವೆ. ಬುಸೆನೆಲ್ಲೊನ ಪ್ರತಿಭೆಗೆ ಉದಾಹರಣೆಯಾಗಿ ಅದನ್ನು ಕೊಡುವುದು ಸಲ್ಲದು.

‘ಒರ್ಫೆಯೊ’ಗೂ ಇದೇ ಎಚ್ಚರ ಬೇಕು. 1607ರಲ್ಲಿ ಪ್ರೇಕ್ಷಕರ ಕೈಗೆ ಕೊಡಲೆಂದು ಅಚ್ಚಾದ ಪದ್ಯ ಬಕಾಂತೆ ಹೆಂಗಸರ (ಮದ್ಯದೇವತೆಯ ಭಕ್ತೆಯರ) ಗದ್ದಲದಲ್ಲಿ ಮುಗಿಯುತ್ತದೆ. 1609ರ ಸ್ವರಲಿಪಿಯಲ್ಲಿ ಅಪೊಲ್ಲೊ ಮೋಡದ ಮೇಲೆ ಇಳಿದು ಮಗ ಒರ್ಫೆಯೊನನ್ನು ಕರೆದೊಯ್ಯುತ್ತಾನೆ. ಯಾವುದನ್ನು ಓದುತ್ತಿದ್ದೇವೆ ಎಂದು ಮೊದಲು ನೋಡಿಕೊಳ್ಳಬೇಕು.

ಮಂದ್ರ

ಇಷ್ಟು ತಿಳಿದ ಮೇಲೆ ಲಿಬ್ರೆಟ್ಟೊ ಎದುರಿಗಿಟ್ಟುಕೊಂಡು ಓದುವ ಕ್ರಮ ಯಾವುದು?

ಛಂದೋಂಬುಧಿ ತೀರ

ಅಂಚಿನಲ್ಲಿ ಪೆನ್ಸಿಲಿನಿಂದ ಸಾಲಿನ ಅಳತೆ ಬರೆಯುತ್ತಾ ಹೋಗಿ, 7, 11, 8 ಹೀಗೆ. ಸಂಖ್ಯೆ ಸಮನಾಗಿ ನಿಂತಲ್ಲಿ ಗೆರೆ ಎಳೆಯಿರಿ, ಅದು ಹಾಡು. ಆಮೇಲೆ ಧ್ವನಿಮುದ್ರಣ ಕೇಳಿ, ಸಂಗೀತಗಾರ ಆ ಗೆರೆಯನ್ನು ಪಾಲಿಸಿದ್ದಾನೋ ದಾಟಿದ್ದಾನೋ ನೋಡಿ. ದಾಟಿದ ಜಾಗದಲ್ಲೆಲ್ಲ ಏನಾದರೂ ವಿಶೇಷ ಇದ್ದೇ ಇರುತ್ತದೆ. ‘ಒರ್ಫೆಯೊ’ದಲ್ಲಿ ‘ತೂ ಸೆ ಮೋರ್ತಾ, ಸೆ ಮೋರ್ತಾ, ಮಿಯಾ ವೀತಾ, ಎದ್ ಇಯೊ ರೆಸ್ಪೀರೊ’ ಎಂದು ಕೇಳುತ್ತದೆ. ಎಣಿಸಿದರೆ 11 ದಾಟುತ್ತದೆ. ಎರಡನೆಯ ‘ಸೆ ಮೋರ್ತಾ’ (ಸತ್ತೆಯಾ) ತೆಗೆದರೆ ಸರಿಯಾಗಿ 11. ಆ ಪುನರುಕ್ತಿ ಮೊಂತೆವೆರ್ದಿಯದು, ಅಳತೆ ಸ್ತ್ರಿಜ್ಜೊನದು.

ಧ್ವನಿಮುದ್ರಣದ ಜೊತೆ ಬರುವ ಕಿರುಪುಸ್ತಕ ನಂಬಿ ಎಣಿಸಬೇಡಿ. ಜಾಗ ಉಳಿಸಲು ಸಾಲು ಕೂಡಿಸಿರುತ್ತಾರೆ, ಪುನರುಕ್ತಿಯನ್ನೂ ಒಳಗೆ ಸೇರಿಸಿರುತ್ತಾರೆ.

ಕಾಗುಣಿತ

ದೂತಿಯ ದೃಶ್ಯ ಹಿಡಿದು ಕೂತಿದ್ದೇನೆ. ‘ಲಾ ತುವಾ ದಿಲೆತ್ತಾ ಸ್ಪೋಸಾ ಎ ಮೋರ್ತಾ’, ನಿನ್ನ ಪ್ರೀತಿಯ ಮಡದಿ ಸತ್ತಳು. ಇದು 9 ಬರುತ್ತಿದೆ. 7ಕ್ಕೂ ಸೇರದು, 11ಕ್ಕೂ ಸೇರದು. ಅಚ್ಚಿನ ತಪ್ಪೇ?

ಛಂದೋಂಬುಧಿ ತೀರ

ತಪ್ಪಲ್ಲ. ಸಾಲು ಅಲ್ಲಿಗೆ ಮುಗಿದಿಲ್ಲ. ಒಂದೇ ಸಾಲನ್ನು ಇಬ್ಬರು ಪಾತ್ರಧಾರಿಗಳಿಗೆ ಹಂಚುವ ರೂಢಿ ಇದೆ. ಒಳ್ಳೆಯ ಮುದ್ರಣದಲ್ಲಿ ಎರಡನೆಯವನ ಮಾತು ಮೆಟ್ಟಿಲಿನಂತೆ ಬಲಕ್ಕೆ ಸರಿದಿರುತ್ತದೆ. ಅದರ ಹಿಂದಿನ ಸಾಲು ಮೊದಲು ನೋಡಿ. ದೂತಿ ‘ಲಾ ತುವಾ ಬೆಲ್ಲಾ ಎವುರಿದೀಚೆ’ ಎಂದು ನಿಲ್ಲಿಸುತ್ತಾಳೆ, ಒರ್ಫೆಯೊ ‘ಒಹಿಮೇ, ಕೆ ಓದೊ’ ಎನ್ನುತ್ತಾನೆ, ಅಯ್ಯೋ ಏನು ಕೇಳುತ್ತಿದ್ದೇನೆ ಎಂದು. ಅವಳ ಪಾಲು 7, ‘ಚೆ’ ಮತ್ತು ‘ಒಹಿ’ ಬೆಸೆದುಕೊಂಡು ಒಟ್ಟು 11.

ಈಗ ನಿಮ್ಮ ಸಾಲು. ಲಾ | ತುವಾ | ದಿ | ಲೆತ್ | ತಾ | ಸ್ಪೋ | ಸಾಎ | ಮೋರ್ | ತಾ, ನೀವು ಎಣಿಸಿದಂತೆ 9. ಅದಕ್ಕೆ ಒರ್ಫೆಯೊನ ಒಂದೇ ಪದ ಸೇರಿಸಿ: ‘ಒಹಿಮೇ’. ‘ಮೋರ್ತಾ’ದ ಕೊನೆಯ ಆ, ‘ಒಹಿ’ಯ ಜೊತೆ ಒಂದೇ ಅಕ್ಷರವಾಗುತ್ತದೆ, ಅದು 9ನೆಯದು. ‘ಮೇ’ 10ನೆಯದು, ಘಾತ ಅದರ ಮೇಲೆ, ಅಲ್ಲಿಗೆ ಮುಗಿಯಿತು. 11ರ ಸಾಲು, ತ್ರೊಂಕೊ. ಅವಳು ‘ಸತ್ತಳು’ ಎನ್ನುವ ಪದದ ಕೊನೆಯ ಸ್ವರದೊಳಗೇ ಅವನ ‘ಅಯ್ಯೋ’ ಶುರುವಾಗುವಂತೆ ಸ್ತ್ರಿಜ್ಜೊ ಅಳೆದಿಟ್ಟಿದ್ದಾನೆ.